ಸುಮನಕ್ಕ ಕತ್ತರಿಸಿದ ಮಾತು

ನಮ್ಮ ಮನೆಯಲ್ಲಿ ಇಡ್ಲಿ ಬೇಯುವುದು ಸ್ಟಾಪ್‌ವಾಚಿನ ಅಪ್ಪಣೆಯ ಮೇರೆಗೆ. ಪಾತ್ರೆಯ ಅಂಚಿನಿಂದ ಹಬೆ ಏಳತೊಡಗಿದ ಕೂಡಲೇ ನನ್ನ ಹೆಂಡತಿ ಜಯಾ ವಾಚಿನ ನೆತ್ತಿಯ ಗುಂಡಿ ಒತ್ತುತ್ತಾಳೆ. ಮುಳ್ಳು ಹನ್ನೆರಡು ಸುತ್ತು ಬಂದ ಮೇಲೆ ಮತ್ತೊಮ್ಮೆ ಒತ್ತಿ ಒಲೆ ಆರಿಸುತ್ತಾಳೆ. ಬಂದ ನೆಂಟರು "ಇದೇನ್ರೀ, ಇಡ್ಲಿಗೂ ಓಟದ ಪಂದ್ಯ ಇಟ್ಟಿದ್ದೀರಾ?" ಎಂದು ನಗುತ್ತಾರೆ. ಅದರ ಕಥೆ ಹೇಳಲು ನಾನು ಗಂಟಲು ಸರಿಮಾಡಿಕೊಳ್ಳುವಷ್ಟರಲ್ಲಿ ಜಯಾ ನಡುವೆ ಬಾಯಿ ಹಾಕಿ, "ಇವರ ಬಾಯಿಗೆ ಬೀಗ ಹಾಕೋಕೆ ಅಂತ ಒಬ್ಬರು ಕೊಟ್ಟಿದ್ದು. ಬೀಗ ಹತ್ತಲಿಲ್ಲ. ಇಡ್ಲಿಗಾದ್ರೂ ಆಗ್ಲಿ ಅಂತ ಇಟ್ಕೊಂಡಿದೀನಿ" ಎನ್ನುತ್ತಾಳೆ. ಹೆಂಡತಿಯರು ಸತ್ಯ ಹೇಳುವ ಹೊತ್ತು ಯಾವಾಗಲೂ ನೆಂಟರ ಎದುರೇ ಬರುತ್ತದೆ.

ಕೊಟ್ಟವರು ಸುಮನಕ್ಕ. ಸಿನಿಮಾಕ್ಕೂ ಟೀವಿಗೂ ಸಂಕಲನ ಮಾಡುತ್ತಿದ್ದವರು, ಎಂದರೆ ಎಡಿಟರು. ನಾನಾಗ ದಿಲ್ಲಿಯಲ್ಲಿ ಕೇಂದ್ರ ಸರ್ಕಾರದ ಕಚೇರಿಯೊಂದರಲ್ಲಿ ಗುಮಾಸ್ತ. ಕಿದ್ವಾಯಿ ನಗರದ ಎರಡು ಕೋಣೆಯ ಕ್ವಾರ್ಟರ್ಸಿನಲ್ಲಿ ವಾಸ. ಎರಡು ಸಾವಿರದ ಇಸವಿ ದಾಟಿ ನಾಲ್ಕಾರು ವರ್ಷವಾಗಿತ್ತು. ಟೀವಿಯಲ್ಲಿ ಚಾನೆಲ್ಲುಗಳು ಅಣಬೆಯ ಹಾಗೆ ಎದ್ದು, ಅವಕ್ಕೆಲ್ಲ ಸಾಕ್ಷ್ಯಚಿತ್ರ ಬೇಕು, ಅದಕ್ಕೆಲ್ಲ ಹತ್ತು ಭಾಷೆಯಲ್ಲಿ ವಿವರಣೆ ಬೇಕು ಎಂಬ ಕಾಲ. ದಿಲ್ಲಿ ಕನ್ನಡಿಗರ ರಾಜ್ಯೋತ್ಸವದ ಸಂಚಿಕೆಗೆ ನಾನು ಬರೆದ ಒಂದು ಲೇಖನವನ್ನು ಯಾರೋ ಪುಣ್ಯಾತ್ಮರು ಯಾರಿಗೋ ತೋರಿಸಿ, ಶನಿವಾರ ಭಾನುವಾರಗಳಲ್ಲಿ ಕನ್ನಡ ವಿವರಣೆ ಬರೆಯುವ ಕೆಲಸ ನನಗೆ ಗಂಟುಬಿತ್ತು. ಕಚೇರಿಯಲ್ಲಿ ಅನುಮತಿ ಪಡೆದೇ ಹೋಗುತ್ತಿದ್ದೆ ಎಂಬುದನ್ನು ಇಲ್ಲೇ ಹೇಳಿಬಿಡುತ್ತೇನೆ. ಗುಮಾಸ್ತನ ಭಯ ನಿವೃತ್ತಿಯಾದ ಮೇಲೂ ಹೋಗುವುದಿಲ್ಲ.

ಸುಮನಕ್ಕನ ಎಡಿಟಿಂಗ್ ಕೋಣೆ ಹೌಜ್ ಖಾಸ್‌ನ ಒಂದು ಮನೆಯ ನೆಲಮಾಳಿಗೆಯಲ್ಲಿತ್ತು. ನಾನು ಮೊದಲ ಸಲ ಹೋದದ್ದು ಮೇ ತಿಂಗಳಲ್ಲಿ. ಹೊರಗೆ ಕಾಗೆಯೂ ನೆರಳು ಹುಡುಕುವ ಬಿಸಿಲು. ಬಸ್ಸಿನಿಂದಿಳಿದು ಮೆಟ್ಟಿಲು ಇಳಿದರೆ ಒಳಗೆ ಚಳಿ! ಯಂತ್ರಗಳಿಗೆ ಸೆಖೆಯಾಗಬಾರದಂತೆ, ಮನುಷ್ಯರಿಗೆ ನೆಗಡಿಯಾದರೆ ಅಡ್ಡಿಯಿಲ್ಲ. ನೀಲಿ ಸ್ವೆಟರ್ ತೊಟ್ಟು, ಎರಡು ಪರದೆಗಳ ಎದುರು ಐವತ್ತರ ಆಸುಪಾಸಿನ ಹೆಂಗಸೊಬ್ಬರು ಕೂತಿದ್ದರು. ಹಿಂತಿರುಗಿಯೂ ನೋಡದೆ, "ಮೂರ್ತಿ ಅವರಾ? ಗೂಟದಲ್ಲಿ ಶಾಲ್ ಇದೆ, ಹೊದ್ಕೊಳ್ಳಿ" ಎಂದರು. ದಿಲ್ಲಿಯಲ್ಲೇ ಹುಟ್ಟಿ ಬೆಳೆದವರ ಕನ್ನಡ, ಆದರೆ ಅಂಚಿನಲ್ಲಿ ಕರಾವಳಿಯ ಒಗ್ಗರಣೆ.

ನಾನು ಹೆಮ್ಮೆಯಿಂದ ಹನ್ನೆರಡು ಪುಟ ಮುಂದಿಟ್ಟೆ. ಅವರು ಮೇಜಿನ ಖಾನೆಯಿಂದ ಸ್ಟಾಪ್‌ವಾಚು ತೆಗೆದು, "ಮೊದಲ ಸಾಲು ಓದಿ" ಎಂದರು. ನಾನು ರೇಡಿಯೋ ನಾಟಕದವರ ಹಾಗೆ ಏರಿಳಿತ ಕೊಟ್ಟು ಓದಿದೆ.

"ಹದಿನಾಲ್ಕು ಸೆಕೆಂಡು. ನನ್ನ ಹತ್ರ ಇರೋದು ಆರು. ಉಳಿದ ಎಂಟು ಎಲ್ಲಿಂದ ತರ್ಲಿ?"

"ಮೇಡಂ, ಚಿತ್ರವನ್ನೇ ಸ್ವಲ್ಪ ಉದ್ದ ಮಾಡಬಹುದಲ್ವಾ?"

ಆಗ ಅವರು ತಿರುಗಿ ನೋಡಿದರು. ಕೋಪವಿರಲಿಲ್ಲ. ಅಡುಗೆಭಟ್ಟರ ಹತ್ತಿರ ಹೋಗಿ ಅನ್ನವನ್ನು ಎಳೆದು ಉದ್ದ ಮಾಡಿ ಎಂದವನನ್ನು ನೋಡುವ ದೃಷ್ಟಿ ಅದು. "ಪರದೆ ಮೇಲೆ ಅಜ್ಜಿ ಒಬ್ಬಳು ಬಾವಿಯಿಂದ ನೀರು ಎಳೀತಿದಾಳೆ. ನೀವು ಬರೆದಿದ್ದೀರಿ, ಅಜ್ಜಿ ಬಾವಿಯಿಂದ ನೀರು ಎಳೆಯುತ್ತಿದ್ದಾಳೆ ಅಂತ. ಕಣ್ಣಿದ್ದವರಿಗೆ ಅದು ಬೇಡ" ಎಂದು ಹೇಳಿ, ನನ್ನ ಹನ್ನೆರಡು ಪುಟವನ್ನು ಸಂಜೆಯೊಳಗೆ ಮೂರೂವರೆಗೆ ಇಳಿಸಿದರು. ಹೋಗುವಾಗ ಆ ಸ್ಟಾಪ್‌ವಾಚನ್ನು ನನ್ನ ಕೈಗಿಟ್ಟು, "ಇನ್ಮೇಲೆ ಮನೇಲೇ ಓದಿ ನೋಡ್ಕೊಂಡು ಬನ್ನಿ" ಎಂದರು.

ನಾನು ಮನೆಗೆ ಹೋಗಿ ಊಟ ಬಿಟ್ಟೆ. ಮೂರನೆಯ ಕ್ಲಾಸಿನಲ್ಲಿದ್ದ ಮಗಳು ಪಕ್ಕ ಬಂದು ಕೂತು, "ಅಪ್ಪಾ, ಆ ಆಂಟಿ ನೀವು ಬರೆದಿದ್ದೆಲ್ಲ ಕಾಟ್ ದೇತೀ ಹೈ ಕ್ಯಾ?" ಎಂದು ಕೇಳಿತು. ಹೌದಮ್ಮಾ, ಕತ್ತರಿಸಿಬಿಡ್ತಾರೆ ಎಂದೆ. "ಅಚ್ಛಾ ಹೈ. ಟೀಚರ್ ಭೀ ಮೇರಾ ಕಾಟ್ ದೇತೀ ಹೈ" ಎಂದು ಸಮಾಧಾನ ಹೇಳಿ ಆಡಲು ಹೋಯಿತು.

ಸಿನಿಮಾವನ್ನು ಕತ್ತರಿಸುತ್ತಾರೆ ಎಂಬ ಸಂಗತಿ ನನಗೆ ಹುಡುಗಾಟದ ವಯಸ್ಸಿನಿಂದ ಗೊತ್ತಿತ್ತು ಎಂದು ನಾನು ತಿಳಿದುಕೊಂಡಿದ್ದೆ. ತಿಪಟೂರಿನ ನಮ್ಮ ಓಣಿಯಲ್ಲಿ ಫಿಲ್ಮಿನ ತುಂಡುಗಳಿಗೆ ಗೋಲಿಗಿಂತ ಹೆಚ್ಚಿನ ಬೆಲೆ. ಸುಟ್ಟುಹೋದ ಬಲ್ಬಿನ ಬುಡ ಒಡೆದು, ಒಳಗೆ ನೀರು ತುಂಬಿ, ಕತ್ತಲೆ ಮಾಡಿದ ಕೋಣೆಯಲ್ಲಿ ಅಪ್ಪನ ಪಂಚೆ ಇಳಿಬಿಟ್ಟು, ಹೊರಗಿನಿಂದ ಕನ್ನಡಿಯಲ್ಲಿ ಬಿಸಿಲು ಹಾಯಿಸಿದರೆ ತುಂಡಿನಲ್ಲಿದ್ದ ನಾಯಕ ಪಂಚೆಯ ಮೇಲೆ ತಲೆಕೆಳಗಾಗಿ ನಿಲ್ಲುತ್ತಿದ್ದ. ಅದಲುಬದಲಿನಲ್ಲಿ ಕತ್ತಿ ಹಿಡಿದ ನಾಯಕನಿಗೆ ಇಬ್ಬರು ನಾಯಕಿಯರು ಸಮ. ಬರೀ ಮರಗಿಡವಿದ್ದರೆ ಯಾರೂ ಮುಟ್ಟುತ್ತಿರಲಿಲ್ಲ. ಇದನ್ನು ಸುಮನಕ್ಕನಿಗೆ ಬಹಳ ಉತ್ಸಾಹದಿಂದ ಹೇಳಿ, "ನಿಮ್ಮ ಕಸುಬಿನ ಪ್ರಸಾದ ಅಷ್ಟು ಹಿಂದೆಯೇ ನಮಗೆ ಸಿಕ್ಕಿತ್ತು" ಎಂದೆ.

ಅವರು ನಕ್ಕರು. "ಅದು ಥಿಯೇಟರಿನ ಆಪರೇಟರ್ ಕತ್ತರಿಸಿದ್ದು ಮೂರ್ತಿ. ರೀಲು ಹರಿದಾಗ ತೆಗೆದು ಬಿಸಾಡಿದ್ದು. ಎಡಿಟರ್ ತೆಗೆದಿದ್ದು ಯಾರ ಓಣಿಗೂ ಬರಲ್ಲ."

ಅವರು ಕೆಲಸ ಕಲಿತದ್ದು ನಿಜವಾದ ಕತ್ತರಿಯ ಕಾಲದಲ್ಲಿ. ಬಿಳಿ ಹತ್ತಿಯ ಕೈಗವಸು ತೊಟ್ಟು, ಫಿಲ್ಮಿನ ಪಟ್ಟಿಗಳನ್ನು ಬಟ್ಟೆ ಒಣಹಾಕಿದ ಹಾಗೆ ಕೊಕ್ಕೆಗೆ ತೂಗುಬಿಟ್ಟು, ಬೇಕಾದದ್ದನ್ನು ಕತ್ತರಿಸಿ ಅಂಟುಟೇಪಿನಿಂದ ಜೋಡಿಸುವ ಕೆಲಸ. ಒಂದೊಂದು ತುಂಡಿಗೂ ಹಳದಿ ಪೆನ್ಸಿಲಿನಿಂದ ಗುರುತು. ಒಮ್ಮೆ ಕತ್ತರಿಸಿದರೆ ಆಯಿತು. ಮತ್ತೆ ಬೇಕೆಂದರೆ ಬುಟ್ಟಿಯಲ್ಲಿ ಹುಡುಕಬೇಕು. ಆಗ ಆ ಕೋಣೆಗಳಲ್ಲಿ ಹೆಂಗಸರು ಬೆರಳೆಣಿಕೆಯಷ್ಟು. ಎರಡು ಸಿನಿಮಾಗಳಿಗೆ ಇವರು ಸಹಾಯಕಿಯಾಗಿ ದುಡಿದರು, ಮೂರಕ್ಕೆ ಸ್ವತಂತ್ರವಾಗಿ ಮಾಡಿದರು. ಅದರಲ್ಲೊಂದು ಬಿಡುಗಡೆಯೇ ಆಗಲಿಲ್ಲ. "ನನ್ನ ಬೆಸ್ಟ್ ಕೆಲಸ ಅದೇ, ಯಾರೂ ನೋಡಿಲ್ಲ, ಆದ್ರಿಂದ ನಾನು ಹೇಳಿದ್ದೇ ನಿಜ" ಎನ್ನುತ್ತಿದ್ದರು. ಆಮೇಲೆ ಟೀವಿ ಬಂತು. ಸುದ್ದಿಯ ಚಾನೆಲ್ಲಿನಲ್ಲಿ ಒಂದೂವರೆ ನಿಮಿಷದಲ್ಲಿ ಪ್ರವಾಹ, ಒಂದೂವರೆ ನಿಮಿಷದಲ್ಲಿ ಚುನಾವಣೆ ಕೂಡಿಸಿದರು. ಧಾರಾವಾಹಿಯ ಅತ್ತೆ ಒಂದೇ ಮಾತಿಗೆ ಮೂರು ಸಲ ಕತ್ತು ತಿರುಗಿಸುವಂತೆಯೂ ಮಾಡಿದರು. ಅದನ್ನು ಗೇಲಿ ಮಾಡಿದ್ದಕ್ಕೆ, "ಮೂರು ಸಲ ತಿರುಗಿದ್ರೂ ನಮ್ಮ ಅತ್ತೆಗೆ ಒಂದು ಸಲವೂ ಕುತ್ತಿಗೆ ಉಳುಕಲಿಲ್ಲ, ಅದು ನೋಡಿ" ಎಂದು ನನ್ನ ಬಾಯಿ ಮುಚ್ಚಿಸಿದರು. ನಲವತ್ತು ದಾಟಿದ ಮೇಲೆ ಕಂಪ್ಯೂಟರು ಬಂದಾಗ, ತಮ್ಮ ಅರ್ಧ ವಯಸ್ಸಿನವರ ಪಕ್ಕದಲ್ಲಿ ನೋಟ್‌ಬುಕ್ ಹಿಡಿದು ಕೂತು ಅ ಆ ಇ ಈಯಿಂದ ಕಲಿತರು. ದಿನಾ ಘಾಜಿಯಾಬಾದಿನಿಂದ ರೈಲು, ಬಸ್ಸು ಹಿಡಿದು ಬಂದು ಹತ್ತು ಗಂಟೆಗೆ ಸರಿಯಾಗಿ ಬೀಗ ತೆಗೆಯುತ್ತಿದ್ದರು. ನಾನು ಕಿದ್ವಾಯಿ ನಗರದಿಂದ ನಾಲ್ಕು ಸ್ಟಾಪು ಬರುವುದಕ್ಕೇ ಪ್ರತಿ ಸಲ ತಡಮಾಡುತ್ತಿದ್ದೆ.

ಈ ವಿದ್ಯೆ ಎಲ್ಲಿಂದ ಬಂತು ಎಂದು ಒಮ್ಮೆ ಕೇಳಿದೆ. ಯಾವುದೋ ದೊಡ್ಡ ಗುರುವಿನ ಹೆಸರು ಬರುತ್ತದೆ ಎಂದು ನನ್ನ ಎಣಿಕೆ. ಅವರು ಹೇಳಿದ್ದು ಹೋಟೆಲಿನ ಕಥೆ. ಅವರ ತಂದೆ ಪದ್ಮನಾಭ ರಾಯರು ಕುಂದಾಪುರದ ಕಡೆಯಿಂದ ಬಂದು ಕರೋಲ್ ಬಾಗಿನ ಗಲ್ಲಿಯೊಂದರಲ್ಲಿ ಇಡ್ಲಿ ದೋಸೆಯ ಹೋಟೆಲು ಹಾಕಿದವರು. ಶಾಲೆ ಬಿಟ್ಟ ಮೇಲೆ ಈ ಹುಡುಗಿ ಅಡುಗೆಮನೆಯ ಪಕ್ಕದ ಕೊನೆಯ ಮೇಜಿನಲ್ಲಿ ಕೂತು ಹೋಮ್‌ವರ್ಕ್ ಮಾಡಬೇಕು. ತಟ್ಟೆಗಳು ತುಂಬಿ ಹೊರಗೆ ಹೋಗುವುದು, ಖಾಲಿಯಾಗಿ ಒಳಗೆ ಬರುವುದು ಎರಡೂ ಅಲ್ಲಿಂದ ಕಾಣುತ್ತಿತ್ತು. ರಾಯರು ಬಾಗಿಲಲ್ಲಿ ನಿಂತು ವಾಪಸು ಬಂದ ತಟ್ಟೆಗಳನ್ನಷ್ಟೇ ನೋಡುತ್ತಿದ್ದರಂತೆ. ಚಟ್ನಿ ಉಳಿದಿದ್ದರೆ ನಾಳೆ ಖಾರ ಕಡಿಮೆ. ದೋಸೆಯ ಅಂಚು ಬಿಟ್ಟಿದ್ದರೆ ಹಿಟ್ಟು ತೆಳ್ಳಗೆ. "ಜನ ಏನು ಬಿಟ್ಟು ಏಳ್ತಾರೆ ಅಂತ ನೋಡೋದು, ಮಾರನೇ ದಿನ ಅದನ್ನ ತೆಗೆಯೋದು. ಅಪ್ಪ ಮಾಡ್ತಿದ್ದಿದ್ದೇ ನಾನು ಮಾಡೋದು. ಆದ್ರೆ ಅಪ್ಪನಿಗೆ ಅದು ಗೊತ್ತಿಲ್ಲ" ಎಂದರು. ಮಗಳು ಸಿನಿಮಾ ಶಾಲೆಗೆ ಹೊರಟಾಗ ರಾಯರು ಮೂರು ವರ್ಷ ಮಾತು ಬಿಟ್ಟಿದ್ದರಂತೆ. ಆಮೇಲೆ ಮಾತು ಶುರುವಾಯಿತು. ಹಬ್ಬಕ್ಕೆ ಕರೆಯುತ್ತಾರೆ, ಭಾನುವಾರ ಹೋದರೆ ದೋಸೆ ಹಾಕಿಸುತ್ತಾರೆ. ಕೆಲಸದ ವಿಷಯ ಮಾತ್ರ ಅವರ ಬಾಯಿಂದ ಒಂದು ದಿನವೂ ಬಂದದ್ದಿಲ್ಲ. ಇದನ್ನು ಸುಮನಕ್ಕ ಹವಾಮಾನದ ವರದಿಯ ದನಿಯಲ್ಲಿ ಹೇಳಿದರು.

ಅವರ ಕೆಲಸದಲ್ಲಿ ಒಂದು ಕಟ್ಟಳೆಯಿತ್ತು. ಎಲ್ಲಿ ಚಿತ್ರೀಕರಣವಾದರೂ, ಸಂದರ್ಶನ ಮುಗಿದ ಮೇಲೆ ಎಲ್ಲರೂ ನಿಂತಲ್ಲಿಯೇ ನಿಂತು ಒಂದು ನಿಮಿಷದ ಮೌನವನ್ನು ಧ್ವನಿಮುದ್ರಿಸಿಕೊಂಡು ಬರಬೇಕು. ಇದಕ್ಕೆ ರೂಮ್ ಟೋನ್ ಎನ್ನುತ್ತಾರೆ. ಪ್ರತಿ ಕೋಣೆಯ ಮೌನವೂ ಬೇರೆಯಂತೆ. ಕಿಟಕಿ, ಗೋಡೆ, ದೂರದ ರಸ್ತೆ ಎಲ್ಲ ಅದರೊಳಗೆ ಇರುತ್ತದಂತೆ. ಮಾತಿನ ನಡುವೆ ಕೆಮ್ಮು ತೆಗೆದರೆ, ತಡವರಿಕೆ ತೆಗೆದರೆ, ಆ ತೂತಿಗೆ ಅದೇ ಕೋಣೆಯ ಮೌನವನ್ನೇ ತೇಪೆ ಹಾಕಬೇಕು. ನಾನು ಮೊದಮೊದಲು ಇದನ್ನು ಕೇಳಿ ಒಳಗೊಳಗೇ ನಕ್ಕಿದ್ದುಂಟು. ನಮ್ಮ ಮನೆಯಲ್ಲಿ ಒಂದು ನಿಮಿಷದ ಮೌನ ಸಿಕ್ಕಿದರೆ ಅದನ್ನು ಚೌಕಟ್ಟು ಹಾಕಿಸಿ ಗೋಡೆಗೆ ತೂಗುಹಾಕಬೇಕು. ಆ ಕಟ್ಟಳೆಗೆ ಸುಮನಕ್ಕ ತಮ್ಮದೇ ಒಂದು ಬಾಲ ಸೇರಿಸಿದ್ದರು: ಆ ನಿಮಿಷದಲ್ಲಿ ಯಾರಾದರೂ ಮರೆತು ಏನಾದರೂ ಆಡಿದರೆ ಅದನ್ನು ಬಳಸುವ ಹಾಗಿಲ್ಲ. "ಕ್ಯಾಮೆರಾದ ಕೆಂಪು ದೀಪ ನೋಡಿಕೊಂಡು ಹೇಳಿದ್ದು ನಮ್ದು. ಮುಗೀತು ಅಂದಮೇಲೆ ಆಡಿದ್ದು ಅವರದ್ದು" ಎನ್ನುತ್ತಿದ್ದರು. ಇದು ಯಾವ ಪುಸ್ತಕದಲ್ಲೂ ಇರಲಿಲ್ಲ, ಬೇರೆ ಯಾರೂ ಪಾಲಿಸುತ್ತಲೂ ಇರಲಿಲ್ಲ.

ಹೀಗಿರುವಾಗ ಹೊರ ರಾಜ್ಯಗಳಿಂದ ದಿಲ್ಲಿಗೆ ಬಂದು ನೆಲೆಸಿದವರ ಬಗ್ಗೆ ಒಂದು ಸರಣಿ ಶುರುವಾಯಿತು. ನಿರ್ದೇಶಕ ಮಲ್ಹೋತ್ರಾ, ಒಳ್ಳೆಯ ಮನುಷ್ಯ, ಕನ್ನಡ ಒಂದಕ್ಷರ ಬಾರದು. ನಮ್ಮ ಕಡೆಯವರ ಕಂತಿಗೆ ಅವನು ಯಾರನ್ನೋ ವಿಚಾರಿಸಿ ಕರೋಲ್ ಬಾಗಿನ ಹಳೆಯ ಹೋಟೆಲೊಂದನ್ನು ಆರಿಸಿದ. ಹೆಸರು ಕೇಳಿದ ಸುಮನಕ್ಕ, ಅವನು ಹೊರಗೆ ಹೋದ ಮೇಲೆ, "ಅದು ನಮ್ಮ ಹೋಟ್ಲು ಮೂರ್ತಿ. ಮಲ್ಹೋತ್ರಾಗೂ ಹೇಳ್ಬೇಡಿ, ಅಪ್ಪನಿಗೂ ಹೇಳ್ಬೇಡಿ. ಗೊತ್ತಾದ್ರೆ ಒಬ್ಬರು ನನ್ನ ನೋಡ್ಕೊಂಡು ಕೇಳ್ತಾರೆ, ಇನ್ನೊಬ್ಬರು ನನ್ನ ನೋಡ್ಕೊಂಡು ಹೇಳ್ತಾರೆ" ಎಂದರು. ಅವರು ಚಿತ್ರೀಕರಣಕ್ಕೆ ಎಂದೂ ಹೋಗುವವರಲ್ಲ. ಕನ್ನಡದಲ್ಲಿ ಪ್ರಶ್ನೆ ಕೇಳುವ ಕೆಲಸ ನನ್ನದಾಯಿತು.

ಮಧ್ಯಾಹ್ನದ ಗಿರಾಕಿಗಳು ಬರುವ ಮುಂಚೆ ಮುಗಿಸಬೇಕಿತ್ತು. ರಾಯರಿಗೆ ಎಂಬತ್ತರ ಹತ್ತಿರ. ಇಸ್ತ್ರಿ ಮಾಡಿದ ಬಿಳಿ ಅಂಗಿ, ಹಣೆಯಲ್ಲಿ ಗಂಧ, ಕಾಲರಿಗೆ ಸಿಕ್ಕಿಸಿದ ಸಣ್ಣ ಮೈಕು. ಫ್ಯಾನಿನ ಸದ್ದು ಬೇಡವೆಂದು ಫ್ಯಾನು ಆರಿಸಿದ್ದರು. ರಾಯರು ಎಲ್ಲಕ್ಕೂ ಚೆನ್ನಾಗಿ ಉತ್ತರಿಸಿದರು. ಕೊನೆಗೆ ಮಕ್ಕಳ ಬಗ್ಗೆ ಕೇಳಿದೆ.

"ಒಬ್ಬ ಮಗ, ಹೋಟ್ಲು ಅವನೇ ನೋಡಿಕೊಳ್ತಾನೆ. ಒಬ್ಬಳು ಮಗಳು. ಅವಳು ಕಂಪ್ಯೂಟರ್ ಆಫೀಸಲ್ಲಿ ಉಂಟು" ಎಂದರು.

ನನ್ನ ನಾಲಿಗೆ ತುದಿಯವರೆಗೆ ಏನೋ ಬಂತು. ನುಂಗಿಕೊಂಡೆ. ಮಲ್ಹೋತ್ರಾ ಕಟ್ ಎಂದ, ರೂಮ್ ಟೋನ್ ಎಂದ. ಎಲ್ಲರೂ ಇದ್ದಲ್ಲೇ ಕಂಬಗಳಾದರು. ರಾಯರು ಒಬ್ಬೊಬ್ಬರನ್ನೇ ನೋಡಿದರು. ಅವರ ಮುಖ ಗಂಭೀರವಾಯಿತು. ಪಕ್ಕದಲ್ಲಿದ್ದ ನನ್ನ ಕಡೆ ಬಗ್ಗಿ ಪಿಸುಗುಟ್ಟಿದರು.

"ಎಂತ ಮಾರಾಯ್ರೆ, ಯಾರು ತೀರಿಹೋದದ್ದು?"

ಇಲ್ಲಿ ನಾನು ಸುಮ್ಮನೆ ತುಟಿಯ ಮೇಲೆ ಬೆರಳಿಟ್ಟಿದ್ದರೆ ಆಗುತ್ತಿತ್ತು. ಆದರೆ ಹುಟ್ಟುಗುಣ ಸುಟ್ಟರೂ ಹೋಗದು. "ಯಾರೂ ಇಲ್ಲ ರಾಯರೇ, ಮೌನ ರೆಕಾರ್ಡ್ ಮಾಡ್ತಿದ್ದಾರೆ" ಎಂದೆ.

"ಮೌನವಾ? ಅದು ಎಂತಕ್ಕೆ?"

"ಮಾತು ಮಾತಿನ ನಡುವೆ ಜೋಡಿಸೋಕೆ."

"ಯಾರು ಜೋಡಿಸುದು?"

"ನಿಮ್ಮ ಮಗಳೇ. ಸುಮನಕ್ಕ."

ಆಡಿದ ಮೇಲೆ ನಾಲಿಗೆ ಕಚ್ಚಿಕೊಂಡೆ. ರಾಯರು ಸ್ವಲ್ಪ ಹೊತ್ತು ತಮ್ಮ ಕೈಗಳನ್ನೇ ನೋಡಿಕೊಂಡರು. ಆಮೇಲೆ ಅದೇ ಪಿಸುದನಿಯಲ್ಲಿ ಹೇಳಿದರು: "ಹೌದಾ. ನಾನು ಕಂಪ್ಯೂಟರ್ ಆಫೀಸು ಅಂದುಬಿಟ್ಟೆನಲ್ಲ. ಎಂತ ಮಾಡುದು, ಮೊದಲು ಬರೇ ಆಫೀಸು ಅಂತಿದ್ದೆ, ಈಗ ಕಂಪ್ಯೂಟರ್ ಬಂತು, ಅದನ್ನೂ ಸೇರಿಸಿದೆ. ಹೇಳಿ ಹೇಳಿ ಬಾಯಿಗೆ ಅದೇ ಬರ್ತದೆ. ಅವಳದ್ದು ಟೀವಿಯಲ್ಲಿ ಬಂದ್ರೆ ಒಂದೂ ಬಿಡುದಿಲ್ಲ ನಾನು. ಈ ಬಾಗಿಲಲ್ಲಿ ನಿಂತು ನೋಡ್ತೇನೆ. ಕೊನೆಗೆ ಹೆಸರು ಬರ್ತದಲ್ಲ, ಅದಕ್ಕೇ ಕಾಯುದು. ಸರ್ರಂತ ಹೋಗಿಬಿಡ್ತದೆ ಮಾರಾಯ್ರೆ. ಅವಳ ಹೆಸರು ಶುರುವಾಗುದು ಕಾಣ್ತದೆ, ಅಷ್ಟರಲ್ಲಿ ಮೇಲೆ ಹೋಯ್ತು. ಇಷ್ಟು ವರ್ಷದಲ್ಲಿ ಒಂದು ಸಲ ಪೂರ್ತಿ ಓದ್ಲಿಕ್ಕೆ ಆಗಲಿಲ್ಲ." ಅಂಗೈಯಿಂದ ಕಣ್ಣೊರೆಸಿಕೊಂಡು, "ಅವಳಿಗೆ ಹೇಳ್ಬೇಡಿ ಮತ್ತೆ" ಎಂದರು.

"ಅರೇ ಭಾಯ್, ಕೌನ್ ಬೋಲ್ ರಹಾ ಹೈ!" ಎಂದು ನಮ್ಮ ಪಿಸುಮಾತು ಕೇಳಿ ಮಲ್ಹೋತ್ರಾ ಕೂಗಿದ. ಮೌನ ಮತ್ತೊಮ್ಮೆ ತೆಗೆಯೋಣವೆಂದರೆ ಅಷ್ಟರಲ್ಲಿ ಬಾಗಿಲ ಹತ್ತಿರ ಗಿರಾಕಿಗಳು ಸೇರಿದ್ದರು, ಫ್ಯಾನು ಹಾಕಿಯಾಗಿತ್ತು. ಕರೋಲ್ ಬಾಗಿನ ಆ ನಿಮಿಷ ನನ್ನಿಂದಲೇ ಕೆಟ್ಟಿತು. ಮೌನ ಹಿಡಿಯಲು ಕ್ಯಾಮೆರಾ ಓಡುತ್ತಲೇ ಇತ್ತು, ರಾಯರ ಕಾಲರಿನ ಮೈಕು ಎಲ್ಲವನ್ನೂ ಹಿಡಿದುಕೊಂಡಿತ್ತು.

ಟೇಪಿನಲ್ಲಿರುವ ಪ್ರತಿ ಮಾತನ್ನೂ ಹಿಂದಿಗೆ ಅನುವಾದಿಸಿ ನಿರ್ದೇಶಕನಿಗೆ ಪಟ್ಟಿ ಕೊಡುವುದು ನನ್ನ ಇನ್ನೊಂದು ಕೆಲಸ. ಆ ಪಟ್ಟಿ ಮೊದಲು ಎಡಿಟರ ಕೈಗೆ ಹೋಗಬೇಕು. ರಾಯರು ಹೇಳಬೇಡಿ ಎಂದಿದ್ದರು, ನಿಜ. ಆದರೆ ಟೇಪಿನಲ್ಲಿ ಇದೆಯಲ್ಲ, ನಾನಾಗಿ ಹೇಳಿದಂತೆ ಆಗಲಿಲ್ಲವಲ್ಲ ಎಂದು ಗುಮಾಸ್ತನ ಬುದ್ಧಿ ಉಪಾಯ ಹುಡುಕಿತು. ಆ ಒಂದು ನಿಮಿಷವನ್ನು ನನ್ನ ಅತ್ಯುತ್ತಮ ಹಿಂದಿಯಲ್ಲಿ, ಕಣ್ಣೀರು ಬರುವ ಹಾಗೆ ಬರೆದೆ. ಕೆಳಗೊಂದು ಗೆರೆಯನ್ನೂ ಎಳೆದೆ.

ಸುಮನಕ್ಕ ಪಟ್ಟಿ ಓದುತ್ತ ಬಂದು ಅಲ್ಲಿ ನಿಂತರು. ಹೆಡ್‌ಫೋನು ಹಾಕಿಕೊಂಡರು. ಮೂರು ಸಲ ಕೇಳಿದರು. ನನಗೆ ಅವರ ಬೆನ್ನಷ್ಟೇ ಕಾಣುತ್ತಿತ್ತು, ನೀಲಿ ಸ್ವೆಟರಿನ ಬೆನ್ನು. ಆಮೇಲೆ ಪೆನ್ನು ತೆಗೆದು ನನ್ನ ಎಂಟು ಸಾಲುಗಳ ಮೇಲೆ ಒಂದೊಂದೇ ಗೆರೆ ಎಳೆದು, ಪಕ್ಕದಲ್ಲಿ ಬರೆದರು: ರೂಮ್ ಟೋನ್, ಹನ್ನೊಂದು ಸೆಕೆಂಡು ಬಳಸಬಹುದು.

ನಾನು ಕುದಿದುಹೋದೆ. "ಸುಮನಕ್ಕ, ಈ ಒಂದು ಮಾತಿಗಾಗಿ ನೀವು ಎಷ್ಟು ವರ್ಷ ಕಾದಿದ್ದೀರಿ! ಇದನ್ನ ತೆಗೆದ್ರೆ ಕಂತಿನಲ್ಲಿ ಉಳಿಯೋದೇನು? ಬೇಕಿದ್ರೆ ಅವರ ಒಪ್ಪಿಗೆ ಕೇಳೋಣ."

"ಕೇಳಿದ್ರೆ ಹೂಂ ಅಂತಾರೆ. ನನಗೋಸ್ಕರ ಅಂತಾರೆ. ಅದು ಒಪ್ಪಿಗೆ ಅಲ್ಲ ಮೂರ್ತಿ." ಪೆನ್ನು ಮುಚ್ಚಿಟ್ಟು, "ಅಪ್ಪ ಅದನ್ನ ನಿಮಗೆ ಹೇಳಿದ್ದು. ನನಗೆ ಹೇಳ್ಬೇಡಿ ಅಂತ ಹೇಳಿ ಹೇಳಿದ್ದು. ನಾನು ಕೇಳ್ಬಾರ್ದಿತ್ತು, ಕೇಳ್ದೆ. ಅಷ್ಟು ಸಾಕು" ಎಂದರು.

"ಹಾಗಾದ್ರೆ ಆ ಕಂಪ್ಯೂಟರ್ ಆಫೀಸನ್ನಾದರೂ ತೆಗೀರಿ. ಐದೇ ಸೆಕೆಂಡು."

"ಅದು ಕೆಂಪು ದೀಪದ ಎದುರು ಹೇಳಿದ್ದು. ಬೇರೆ ಯಾರ ಅಪ್ಪ ಹೇಳಿದ್ರೂ ಇಡ್ತಿದ್ದೆ. ಚಲೋ, ಮುಂದಿನ ಟೇಪು."

ಅಂದರೆ ಸುಳ್ಳು ಉಳಿಯಿತು, ನಿಜ ಹೋಯಿತು. ತನ್ನ ಕಟ್ಟಳೆ ತನಗೇ ಇಷ್ಟು ನೋವು ಕೊಟ್ಟಾಗಲೂ ಅದನ್ನು ಮುರಿಯದ ಇನ್ನೊಬ್ಬರನ್ನು ನಾನು ಕಂಡಿಲ್ಲ. ಆ ಹೊತ್ತಿಗೆ ಮಾತ್ರ ನನಗೆ ಹಾಗನ್ನಿಸಲಿಲ್ಲ, ಹಟಮಾರಿ ಹೆಂಗಸು ಅಂತ ಅನ್ನಿಸಿತು. ಮರುದಿನ ಮಲ್ಹೋತ್ರಾ ಟೇಪು ನೋಡುತ್ತಿದ್ದವನು ಅಲ್ಲಿಗೆ ಬಂದು ನಿಂತ. "ಸುಮನಾ ಜೀ, ಅಂಕಲ್ ಯಹಾಂ ಕ್ಯಾ ಬೋಲ್ ರಹೇ ಹೈಂ? ಆಂಸೂ ಪೋಂಛ್ ರಹೇ ಹೈಂ!" ಎಂದ. ರಾಯರು ಕಣ್ಣೊರೆಸಿಕೊಳ್ಳುವುದು ಅವನಿಗೆ ಕಂಡಿತ್ತು. ಟೀವಿಯವರಿಗೆ ಕಣ್ಣೀರೆಂದರೆ ಇರುವೆಗೆ ಸಕ್ಕರೆ ಇದ್ದಂತೆ.

"ಗರ್ಮೀ ಥೀ. ಪಂಖಾ ಬಂದ್ ಥಾ" ಎಂದರು ಸುಮನಕ್ಕ, ಫ್ಯಾನಿಲ್ಲದ ಸೆಖೆಗೆ ಬೆವರು ಒರೆಸಿಕೊಂಡದ್ದು ಎಂಬಂತೆ.

ಅವನು ನನ್ನ ಕಡೆ ತಿರುಗಿದ. ಸುಮನಕ್ಕನನ್ನು ಬಿಟ್ಟರೆ ಅಲ್ಲಿ ಕನ್ನಡ ಬಲ್ಲವನು ನಾನೊಬ್ಬನೇ. ಒಂದು ಮಾತು ಹೇಳಿದ್ದರೆ ಸಾಕಿತ್ತು, ಆ ನಿಮಿಷ ಸೀದಾ ಕಂತಿನೊಳಗೆ ಹೋಗುತ್ತಿತ್ತು, ನನ್ನ ಅನುವಾದವೂ ಮೆರೆಯುತ್ತಿತ್ತು. ಸುಮನಕ್ಕ ನನ್ನನ್ನು ನೋಡಲಿಲ್ಲ, ಬೇಡಲಿಲ್ಲ, ಪರದೆಯನ್ನೇ ನೋಡುತ್ತಿದ್ದರು.

"ಹಾಂ ಜೀ, ಪಂಖಾ ಬಂದ್ ಥಾ" ಎಂದೆ. ಮಲ್ಹೋತ್ರಾ ಟೇಪನ್ನು ಮುಂದಕ್ಕೆ ಓಡಿಸಿದ.

ಕಂತು ಸಿದ್ಧವಾಯಿತು. ರಾಯರ ಮಾತಿನ ನಡುವಿನ ತೂತುಗಳಿಗೆಲ್ಲ ಆ ಹನ್ನೊಂದು ಸೆಕೆಂಡಿನ ಮೌನವನ್ನೇ ಸುಮನಕ್ಕ ಮತ್ತೆ ಮತ್ತೆ ಹೊಲಿದಿದ್ದರು. ಎಲ್ಲಿ ಹೊಲಿದಿದ್ದಾರೆಂದು ಗೊತ್ತಿದ್ದ ನನಗೂ ಸಿಕ್ಕಲಿಲ್ಲ. ಸಾರಿನಲ್ಲಿ ಇಂಗಿದ್ದ ಹಾಗೆ ಅವರ ಕೆಲಸ, ಇದೆ ಅಂತಲೂ ಗೊತ್ತಾಗಬಾರದು, ಇಲ್ಲ ಅಂತಲೂ ಗೊತ್ತಾಗಬಾರದು. ಕೊನೆಗೆ ನಾನು ಒಂದು ಭರ್ಜರಿ ವಾಕ್ಯ ಇಟ್ಟಿದ್ದೆ: ದಿಲ್ಲಿಯ ಧೂಳಿನಲ್ಲಿ ಬೇರೂರಿದ ಕರಾವಳಿಯ ಈ ತೆಂಗು ಇಂದಿಗೂ ಕಡಲಿನ ಕನಸು ಕಾಣುತ್ತಿದೆ, ಇತ್ಯಾದಿ. ಇಪ್ಪತ್ತು ಸೆಕೆಂಡು. ಸುಮನಕ್ಕ ಫೋನು ಮಾಡಿದರು. "ಮೂರ್ತಿ, ಆ ತೆಂಗಿನಮರ ನನಗೆ ಕೊಟ್ಟುಬಿಡಿ. ಇಪ್ಪತ್ತು ಸೆಕೆಂಡು ಬೇಕು."

"ಯಾಕೆ?"

"ತೆಂಗಿಗೆ ಕನಸು ಬೀಳೋದನ್ನ ಯಾರು ನೋಡಿದ್ದಾರೆ?" ಎಂದು ನಕ್ಕರೇ ಹೊರತು ಕಾರಣ ಹೇಳಲಿಲ್ಲ. ಆ ವಾಕ್ಯಕ್ಕಾಗಿ ನಾನು ಎರಡು ಭಾನುವಾರ ಕಳೆದಿದ್ದೆ. ಮುಖ ಊದಿಸಿಕೊಂಡೇ ಕೊಟ್ಟೆ.

ಪ್ರಸಾರವಾದದ್ದು ಒಂದು ಭಾನುವಾರ ಬೆಳಿಗ್ಗೆ. ರಾಯರು ಬರಹೇಳಿದ್ದರೆಂದು ಜಯಾಳನ್ನೂ ಮಗಳನ್ನೂ ಕರೆದುಕೊಂಡು ಹೋಟೆಲಿಗೆ ಹೋದೆ. ಸುಮನಕ್ಕ ಆಗಲೇ ಬಂದು ಕೊನೆಯ ಮೇಜಿನಲ್ಲಿ ಕೂತಿದ್ದರು. ಗಲ್ಲಾಪೆಟ್ಟಿಗೆಯ ಮೇಲೆ ಎತ್ತರದಲ್ಲಿದ್ದ ಟೀವಿಯನ್ನು ಗಿರಾಕಿಗಳೂ ಮಾಣಿಗಳೂ ಕತ್ತೆತ್ತಿ ನೋಡುತ್ತಿದ್ದರು. ರಾಯರು ಅಡುಗೆಮನೆಯ ಬಾಗಿಲಲ್ಲಿ ನಿಂತಿದ್ದರು. "ಒಬ್ಬಳು ಮಗಳು. ಅವಳು ಕಂಪ್ಯೂಟರ್ ಆಫೀಸಲ್ಲಿ ಉಂಟು" ಎಂದು ಪರದೆಯ ರಾಯರು ಹೇಳಿದಾಗ ಹಳೆಯ ಮಾಣಿಯೊಬ್ಬ ಸುಮನಕ್ಕನ ಕಡೆ ನೋಡಿ ಚಟ್ಟನೆ ಮುಖ ತಿರುಗಿಸಿದ. ಬಾಗಿಲ ರಾಯರು ತಲೆ ತಗ್ಗಿಸಿದರು. ಸುಮನಕ್ಕ ಮೇಜಿನ ಮೇಲಿನ ನೀರಿನ ಲೋಟವನ್ನು ಅತ್ತಿಂದಿತ್ತ ಸರಿಸುತ್ತಿದ್ದರು.

ನನ್ನ ತೆಂಗಿನಮರ ಬರಬೇಕಾದ ಜಾಗ ಬಂತು. ಮರವಿಲ್ಲ. ಹೆಸರುಗಳು ಶುರುವಾದವು, ಕನ್ನಡದಲ್ಲಿ. ಈ ಸಲ ಓಡಲಿಲ್ಲ. ಒಂದೊಂದೇ ಹೆಸರು ಬಂತು, ದೊಡ್ಡ ಅಕ್ಷರದಲ್ಲಿ ನಿಂತಿತು, ಹೋಯಿತು. ಯಾರಿಗೂ ಹೆಚ್ಚಿಲ್ಲ, ಯಾರಿಗೂ ಕಡಿಮೆಯಿಲ್ಲ. ಗಾಡಿ ಓಡಿಸಿದವನಿಗೂ ನಿರ್ದೇಶಕನಿಗೂ ಒಂದೇ ಹೊತ್ತು. ನನ್ನ ಇಪ್ಪತ್ತು ಸೆಕೆಂಡು ಎಲ್ಲಿ ಹೋಯಿತೆಂದು ಆಗ ಗೊತ್ತಾಯಿತು.

ರಾಯರು ಬಾಗಿಲು ಬಿಟ್ಟು ನಡೆದು ಬಂದರು. ಟೀವಿಯ ಕೆಳಗೆ ನಿಂತು, ಕನ್ನಡಕ ಸರಿಮಾಡಿಕೊಂಡು, ಶಾಲೆಯ ಹುಡುಗರ ಹಾಗೆ ಗಟ್ಟಿಯಾಗಿ ಓದತೊಡಗಿದರು. ಛಾಯಾಗ್ರಹಣ ಓದಿದರು. ಧ್ವನಿ ಓದಿದರು. ಕನ್ನಡ ವಿವರಣೆ ಎಂದು ನನ್ನದನ್ನೂ ಓದಿದರು.

"ಸಂಕಲನ. ಸುಮನಾ…" ಎಂದು ಉಸಿರು ತೆಗೆದುಕೊಂಡರು. ಅಕ್ಷರಗಳು ಇನ್ನೂ ನಿಂತಿದ್ದವು. "…ಪದ್ಮನಾಭ ರಾವ್."

ಪರದೆಯ ಮೇಲೆ ಮಗಳ ಹೆಸರಿನ ಬೆನ್ನಿಗೆ ತಮ್ಮ ಹೆಸರಿದೆ ಎಂಬುದು ಇಷ್ಟು ವರ್ಷ ಅವರಿಗೆ ಗೊತ್ತೇ ಇರಲಿಲ್ಲ. ಮೂರು ವರ್ಷ ಮಾತು ಬಿಟ್ಟಿದ್ದರೂ, ಮಗಳ ಮೊದಲ ಕೆಲಸದಿಂದಲೇ ಅದು ಅಲ್ಲಿಯೇ ಇತ್ತು. ಓದುವಷ್ಟು ಹೊತ್ತು ನಿಂತಿರಲಿಲ್ಲ, ಅಷ್ಟೇ. ಮುಂದಿನ ಹೆಸರು ಬಂದು ಹೋಯಿತು. ಅವರು ಓದಲಿಲ್ಲ. ನಿಧಾನವಾಗಿ ಕೊನೆಯ ಮೇಜಿನ ಹತ್ತಿರ ಬಂದು ಅದರ ಅಂಚು ಹಿಡಿದು ನಿಂತರು.

"ಆ ಕಂಪ್ಯೂಟರ್ ಆಫೀಸು ಅಂದದ್ದು ತೆಗೀಬಹುದಿತ್ತಲ್ಲ ಮಗಾ."

"ನೀವು ಹೇಳಿದ್ರಲ್ಲ ಅಪ್ಪ. ಅದಕ್ಕೇ ಇಟ್ಟೆ."

"ತಪ್ಪು ಹೇಳಿದ್ದೆ" ಎಂದರು ರಾಯರು. ಗಿರಾಕಿಗಳೆಲ್ಲ ಕೇಳುವ ಹಾಗೆ, ದೊಡ್ಡ ದನಿಯಲ್ಲಿ ಹೇಳಿದರು.

ಸುಮನಕ್ಕ ಎದ್ದು ಮೂಲೆಯ ಬೇಸಿನ್ನಿಗೆ ಹೋಗಿ ನಲ್ಲಿ ತಿರುಗಿಸಿದರು. ನಮಗೆ ಬೆನ್ನು ಮಾಡಿ ಬಹಳ ಹೊತ್ತು ಕೈ ತೊಳೆದುಕೊಂಡರು. ಅವರ ಮೇಜಿಗೆ ದೋಸೆ ಇನ್ನೂ ಬಂದೇ ಇರಲಿಲ್ಲ.